ಲೈನ್ ಕ್ಲಿಯರ್ ಕೊಡುವವರು ಯಾರು?

"ಲೈನ್ ಹೋಯ್ತು." "ಲೈನಲ್ಲೇ ಇರಿ." "ಲೈನಲ್ಲಿ ನಿಲ್ಲಿ." "ಅವರು ಯಾವ ಲೈನಲ್ಲಿದ್ದಾರೆ?" "ಅವನು ಅವಳಿಗೆ ಲೈನ್ ಹೊಡೀತಿದಾನೆ."

ಕರೆಂಟು, ಫೋನು, ಸರದಿ, ಉದ್ಯೋಗ, ಪ್ರೇಮ: ಐದು ಅರ್ಥ, ಪದ ಮಾತ್ರ ಒಂದೇ. ನಾನು ಕೋಡ್ ಬರೆಯುವವಳು. ಒಂದೇ ಹೆಸರಿಗೆ ಹೀಗೆ ಐದು ಅರ್ಥ ಕೊಟ್ಟರೆ ನಮ್ಮ ಕಂಪೈಲರ್ ಅಲ್ಲೇ ಮುಷ್ಕರ ಹೂಡುತ್ತದೆ. ನಮ್ಮ ಮನೆಯ ಅಜ್ಜಿಗೆ ಮಾತ್ರ ಒಂದು ಸಲವೂ ಗೊಂದಲವಾಗಿಲ್ಲ.

ಈ ಪದದ ಮೂಲ ಲ್ಯಾಟಿನ್ನಿನ 'ಲೀನಿಯಾ', ಅಂದರೆ ಅಗಸೆ ನಾರಿನ ದಾರ. ಉತ್ತರ ಕರ್ನಾಟಕದ ನಾವು ರೊಟ್ಟಿಯ ಜೊತೆ ಚಟ್ನಿಪುಡಿ ಮಾಡಿಕೊಂಡು ತಿನ್ನುತ್ತೇವಲ್ಲ, ಅದೇ ಅಗಸಿ! ದಾರ ಎಳೆದು ಹಿಡಿದರೆ ನೇರ ಗೆರೆ. ಆ ಗೆರೆ ನಮ್ಮ ಕಡೆಗೆ ಬಂದದ್ದು ದಂಡಿನ ಜೊತೆ, ರೈಲಿನ ಜೊತೆ, ವಿದ್ಯುತ್ತಿನ ಜೊತೆ. ಬಂದ ಪ್ರತಿಸಲವೂ ಬೇರೆ ಬೇರೆ ಅರ್ಥ ಹೊತ್ತುಕೊಂಡೇ ಬಂತು.

ಹೈದರಾಬಾದಿನ ಕನ್ನಡಿಗರಿಗೆ ಹತ್ತಿರದ್ದು ರೈಲಿನ ಲೈನು. ಇವತ್ತು ಕಲಬುರಗಿ ಜಿಲ್ಲೆಯಲ್ಲಿರುವ ವಾಡಿಯಿಂದ ಸಿಕಂದರಾಬಾದಿಗೆ ನಿಜಾಮರ ರೈಲುಮಾರ್ಗ ತೆರೆದದ್ದು 1874ರಲ್ಲಿ. ಮುಂಬಯಿ–ಮದ್ರಾಸ್ ಮಾರ್ಗಕ್ಕೆ ಹೈದರಾಬಾದನ್ನು ಜೋಡಿಸಿದ್ದು ಈ ಲೈನು. ಕಲಬುರಗಿ, ಬೀದರ್, ರಾಯಚೂರು ಆಗ ಹೈದರಾಬಾದ್ ಸಂಸ್ಥಾನದಲ್ಲಿದ್ದವು. 1956ರಲ್ಲಿ ಅವು ಕನ್ನಡನಾಡು ಸೇರಿದವು, ಹಳಿ ಮಾತ್ರ ಹಾಗೇ ಉಳಿಯಿತು. ಹಬ್ಬಕ್ಕೆ ಊರಿಗೆ ಹೋಗುವ ನಮ್ಮಲ್ಲಿ ಎಷ್ಟೋ ಜನ ಈಗಲೂ ಅದೇ ದಾರಿಯಲ್ಲಿ ಕೂತು ಹೋಗುತ್ತೇವೆ.

ರೈಲಿನವರು ಕೊಟ್ಟ ಇನ್ನೊಂದು ಮಾತು 'ಲೈನ್ ಕ್ಲಿಯರ್'. ಒಂದು ಸ್ಟೇಷನ್ನಿನಿಂದ ಗಾಡಿ ಬಿಡಬೇಕಾದರೆ ಅಲ್ಲಿನ ಸ್ಟೇಷನ್ ಮಾಸ್ತರರು ಮೊದಲು ಮುಂದಿನ ಸ್ಟೇಷನ್ನನ್ನು ಕೇಳಬೇಕು. ದಾರಿ ಖಾಲಿ ಇದೆ, ಕಳಿಸಿ ಎಂದು ಮುಂದಿನವರು ಒಪ್ಪಿದರೆ ಅದು ಲೈನ್ ಕ್ಲಿಯರ್. ಒಂಟಿ ಹಳಿ ಇದ್ದ ಕಡೆ ಅದರ ಗುರುತಾಗಿ ದೊಡ್ಡ ಬಳೆಯಂಥ ರಿಂಗಿಗೆ ಸಿಕ್ಕಿಸಿದ ಟೋಕನ್ನನ್ನು ಡ್ರೈವರ್ ಕೈಗೆ ಕೊಡುತ್ತಿದ್ದರು. ಹೊರಡುವವನಿಗೆ ಎಷ್ಟೇ ಅವಸರವಿರಲಿ, ಹೌದು ಅನ್ನಬೇಕಾದದ್ದು ಬರಮಾಡಿಕೊಳ್ಳುವ ಸ್ಟೇಷನ್ನು. ಇದೊಂದನ್ನು ನೆನಪಿಟ್ಟುಕೊಂಡಿರಿ.

ಮನೆಗಳೂ ಲೈನಾದವು. ಸಿಪಾಯಿಗಳ ಸಾಲುಮನೆಗಳು ಲೈನು, ಆಮೇಲೆ ಪೊಲೀಸ್ ಲೈನು, ಮಲೆನಾಡು–ಕೊಡಗಿನ ಕಾಫಿ ತೋಟಗಳಲ್ಲಿ ಕೂಲಿಯವರ ಲೈನುಮನೆ. ಧಾರವಾಡದಲ್ಲಿ ಪೇಡೆಗೆ ಹೆಸರಾದ ಲೈನ್ ಬಜಾರೇ ಇದೆ. ಕೋಲಾರದ ಚಿನ್ನದ ಗಣಿಯ ಕಾರ್ಮಿಕರದ್ದೂ ಲೈನುಗಳೇ. 1902ರಲ್ಲಿ ಶಿವನಸಮುದ್ರದಿಂದ ಸುಮಾರು 147 ಕಿಲೋಮೀಟರ್ ದೂರ ಕರೆಂಟಿನ ಲೈನು ಎಳೆದದ್ದು ಅದೇ ಗಣಿಗೆ. ಬೆಂಗಳೂರಿಗೆ ದೀಪ ಬಂದದ್ದು ಅದಾದ ಮೇಲೆ, 1905ರಲ್ಲಿ.

ಇನ್ನು ಹುಡುಗರ 'ಲೈನ್'. ಕನ್ನಡದಲ್ಲಿ ಲೈನ್ 'ಹೊಡೆಯುತ್ತಾರೆ', ಇಲ್ಲಿನ ತೆಲುಗಿನವರು ಲೈನ್ 'ವೇಸ್ತಾರು', ಹಳೇ ಊರಿನ ಕಡೆ ಹೋದರೆ ಲೈನ್ 'ಮಾರ್ತೇ'. ಮೂರು ಭಾಷೆಯ ಈ ಊರಿನಲ್ಲಿ ಕ್ರಿಯಾಪದ ಬದಲಾಗುತ್ತದೆ, ಕೆಲಸ ಅದೇ. ಕನ್ನಡದಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ 'ಅವಳು ಅವನ ಲೈನು' ಅಂತ ಹುಡುಗಿಯನ್ನೇ ಲೈನ್ ಮಾಡಿಬಿಟ್ಟಿದ್ದೇವೆ. ಸಿನಿಮಾದಲ್ಲಿ ನೋಡಿ ನಾವೂ ನಕ್ಕಿದ್ದೇವೆ, ಸುಳ್ಳು ಯಾಕೆ ಹೇಳಲಿ? ಆದರೆ ಕಾಲೇಜಿನ ದಿನಗಳಲ್ಲಿ ಬಸ್ ಸ್ಟಾಪಿನಿಂದ ಹಾಸ್ಟೆಲ್ ಗೇಟಿನವರೆಗೆ ಯಾರಾದರೂ ದಿನಾ ಹಿಂದೆ ಬಂದರೆ "ಅಯ್ಯೋ ಬಿಡೇ, ಲೈನ್ ಹೊಡೀತಿದಾನೆ ಅಷ್ಟೇ" ಅಂತ ಗೆಳತಿಯರೇ ಸಮಾಧಾನ ಮಾಡುತ್ತಿದ್ದರು. ಆ 'ಅಷ್ಟೇ'ಯಲ್ಲಿ ಎಷ್ಟು ಹೆದರಿಕೆ ಮುಚ್ಚಿಹೋಗುತ್ತಿತ್ತು ಎನ್ನುವುದು ದಾರಿ ಬದಲಿಸಿಕೊಂಡು ಓಡಾಡಿದವರಿಗೇ ಗೊತ್ತು. ರೈಲಿನವರ ನಿಯಮದಲ್ಲಿ ಮುಂದಿನ ಸ್ಟೇಷನ್ನನ್ನು ಕೇಳಲೇಬೇಕು. ಈ ಲೈನಿನಲ್ಲಿ ಆ ಸ್ಟೇಷನ್ನನ್ನು ಕೇಳಿದವರೇ ಇಲ್ಲ.

ಕಾನೂನು ಕೊನೆಗೂ ಕೇಳಿತು. ಹೆಣ್ಣು ತನಗೆ ಬೇಡವೆಂದು ಸ್ಪಷ್ಟವಾಗಿ ತೋರಿಸಿದ ಮೇಲೂ ಗಂಡಸು ಮತ್ತೆ ಮತ್ತೆ ಹಿಂಬಾಲಿಸುವುದು, ಸಂಪರ್ಕಿಸಲು ಯತ್ನಿಸುವುದು ಅಪರಾಧವೆಂದು 2013ರಲ್ಲಿ ದಂಡಸಂಹಿತೆಗೆ 354ಡಿ ಕಲಮು ಸೇರಿತು. ಈಗಿನ ನ್ಯಾಯಸಂಹಿತೆಯಲ್ಲಿ ಅದು 78ನೇ ಕಲಮು. ಮರುವರ್ಷ, 2014ರ ಅಕ್ಟೋಬರಿನಲ್ಲಿ, ನಮ್ಮ ಹೈದರಾಬಾದಿನಲ್ಲೇ ಶೀ ಟೀಮ್‌ಗಳು ಶುರುವಾದವು. ಮಫ್ತಿಯಲ್ಲಿ ಬಸ್ ಸ್ಟಾಪು, ಕಾಲೇಜಿನ ಸುತ್ತಮುತ್ತ ನಿಲ್ಲುವ ಪೊಲೀಸರು ಇವರು. ಹೊಸದಾಗಿ ಈ ಊರಿಗೆ ಬಂದಿರುವ ತಂಗಿಯರು ಇದನ್ನು ತಿಳಿದಿರುವುದು ಒಳ್ಳೆಯದು.

ಇದೇ ತೆಲಂಗಾಣದ್ದೇ ಇನ್ನೊಂದು ಲೈನಿನ ಸುದ್ದಿ ಹೇಳದಿದ್ದರೆ ನನಗೆ ಸಮಾಧಾನವಿಲ್ಲ. ವಿದ್ಯುತ್ ಕಂಪನಿಯ ಜೂನಿಯರ್ ಲೈನ್‌ಮನ್ ಹುದ್ದೆಗಳಿಗೆ 2019ರಲ್ಲಿ ಅರ್ಜಿ ಕರೆದಾಗ ಹೆಣ್ಣುಮಕ್ಕಳಿಗೆ ಅವಕಾಶವಿರಲಿಲ್ಲ. ಕೆಲವರು ಹೈಕೋರ್ಟಿಗೆ ಹೋದರು. ಅವಕಾಶ ಸಿಕ್ಕಿತು, ಜೊತೆಗೆ ಕಂಬ ಹತ್ತುವ ಪರೀಕ್ಷೆಯೂ ಬಂತು. ಸಿದ್ದಿಪೇಟೆ ಜಿಲ್ಲೆಯ ಬಬ್ಬೂರಿ ಸಿರೀಷಾ ಸರಸರನೆ ಕಂಬ ಹತ್ತಿ ತೋರಿಸಿದರು. 2022ರಲ್ಲಿ ನೇಮಕದ ಆದೇಶ ಕೈಸೇರಿತು. ಪತ್ರಿಕೆಗಳು ಅವರನ್ನು 'ಲೈನ್‌ವುಮನ್' ಎಂದು ಬರೆದವು.

ಅಜ್ಜಿಗೆ ಫೋನಿನಲ್ಲಿ ಇದನ್ನು ಓದಿ ಹೇಳಿದೆ. "ಲೈನ್ ಹೋದ್ರೆ ಇನ್ನ ಆಕೀಗೇ ಫೋನ್ ಮಾಡಬೇಕೇನು?" ಅಂದಳು.