ಲ್ಯಾಂಬೆತ್ ಗೃಹಿಣಿಯರ ಖರ್ಚಿನ ಪುಸ್ತಕ

ಶಾಸನಗಳೂ ಸರಕಾರಿ ಕಡತಗಳೂ ಆಳಿದವರ ಮಾತನ್ನು ಹೇಳುತ್ತವೆ; ದುಡಿದು ಉಣ್ಣುವವರ ಮನೆಮಾತು ಅವುಗಳಲ್ಲಿ ವಿರಳ. ಅದನ್ನು ಬರೆಯಿಸಿಟ್ಟ ಪ್ರಯತ್ನವೊಂದು ಲಂಡನ್ನಿನ ಲ್ಯಾಂಬೆತ್ ಭಾಗದಲ್ಲಿ ನಡೆಯಿತು. ಫೇಬಿಯನ್ ಮಹಿಳಾ ಸಂಘದವರು 1909ರಿಂದ 1913ರವರೆಗೆ ಅಲ್ಲಿಯ ಕಾರ್ಮಿಕ ಕುಟುಂಬಗಳನ್ನು ವಾರವಾರವೂ ಕಂಡುಬಂದರು. ಇವು ಭಿಕ್ಷುಕರ ಮನೆಗಳಲ್ಲ. ವಾರಕ್ಕೆ ಸುಮಾರು 18ರಿಂದ 30 ಷಿಲಿಂಗ್ ಕೂಲಿಯುಳ್ಳ ಮರ್ಯಾದಸ್ಥರ ಮನೆಗಳು.

ಬಸುರಿಗೂ ಕೂಸಿಗೂ ತಕ್ಕ ಆಹಾರ ದೊರೆತರೆ ಆಗುವ ಫಲವನ್ನು ತಿಳಿಯುವುದು ಸಂಘದ ಉದ್ದೇಶವಾಗಿತ್ತು. ಅದಕ್ಕಾಗಿ ವಾರಕ್ಕೆ 5 ಷಿಲಿಂಗ್ ನೆರವು ಕೊಟ್ಟು, ಮನೆಯ ಖರ್ಚನ್ನು ಬರೆದಿಡುವಂತೆ ಗೃಹಿಣಿಯನ್ನು ಕೇಳಿದರು. ಅಕ್ಷರ ಬಾರದವರಿಗೆ ಗಂಡನೋ ಮಕ್ಕಳೋ ಬರೆದುಕೊಟ್ಟರು. ಈ ಲೆಕ್ಕಗಳನ್ನಾಧರಿಸಿ ಮಾಡ್ ಪೆಂಬರ್ ರೀವ್ಸ್ ಎಂಬ ಮಹಿಳೆ 1913ರಲ್ಲಿ ‘ರೌಂಡ್ ಅಬೌಟ್ ಎ ಪೌಂಡ್ ಎ ವೀಕ್’ ಎಂಬ ಗ್ರಂಥವನ್ನು ಪ್ರಕಟಿಸಿದರು.

ಬಡತನಕ್ಕೆ ಹೆಂಗಸರ ದುಂದುಗಾರಿಕೆಯೂ ಅಜ್ಞಾನವೂ ಕಾರಣವೆಂದು ಉಳ್ಳವರು ಆಗ ಹೇಳುತ್ತಿದ್ದರು. ಲೆಕ್ಕ ಬೇರೆಯೇ ಹೇಳಿತು. ಮನೆಬಾಡಿಗೆ, ಶವಸಂಸ್ಕಾರದ ವಿಮೆ, ಇದ್ದಲು, ಇವು ತಪ್ಪದ ಖರ್ಚುಗಳು. ಇವು ತೀರಿ ಉಳಿದುದು ಅನ್ನಕ್ಕೆ. ಕೆಲಸ ತಪ್ಪಿದ ವಾರ ಬಾಡಿಗೆ ಇಳಿಯದು, ಊಟ ಇಳಿಯುವುದು. ಮುಖ್ಯ ಆಹಾರ ರೊಟ್ಟಿ. ಮಾಂಸ ಬಹುಪಾಲು ಗಂಡಸಿಗೆ; ಅವನ ಮೈ ಸೋತರೆ ಮನೆಯೇ ಸೋತಂತೆ. ವಿಮೆಯೂ ಮೂಢತನವಲ್ಲ. ಮಕ್ಕಳ ಸಾವು ಹೆಚ್ಚಾಗಿದ್ದ ಆ ಬೀದಿಗಳಲ್ಲಿ, ಕೂಸನ್ನು ದಿಕ್ಕಿಲ್ಲದವರಂತೆ ಧರ್ಮಕ್ಕೆ ಹೂಳಿಸುವ ಅವಮಾನಕ್ಕೆ ತಾಯಂದಿರು ಅಂಜುತ್ತಿದ್ದರು.

ಗಂಜಿ ಅಗ್ಗ, ಪುಷ್ಟಿಕರ ಎಂದು ಸಂದರ್ಶಕರು ಬುದ್ಧಿ ಹೇಳಿದ್ದುಂಟು. ಹಾಲು ಸಕ್ಕರೆಗಳಿಲ್ಲದೆ, ಎಲ್ಲ ಅಡಿಗೆಗೂ ಬಳಸಿದ ಹಳೆಯ ಪಾತ್ರೆಯಲ್ಲಿ ಸೀದುಹೋದ ಗಂಜಿಯನ್ನು ಮನೆಯವರು ಮುಟ್ಟಲಿಲ್ಲ. ಒಂದು ದಿನ ಬಂದು ನೋಡಿದವನಿಗೆ ಇದು ಹಟವಾಗಿ ಕಾಣುವುದು. ವರ್ಷವಿಡೀ ನೋಡಿದವರಿಗೆ ಕಾರಣ ತಿಳಿಯಿತು. ಕುಟುಂಬಕ್ಕೆ ಬೇಕಾದುದು ಉಪದೇಶಕ್ಕಿಂತ ಹೆಚ್ಚಾಗಿ ಆದಾಯವೆಂದು ಗ್ರಂಥ ವಾದಿಸಿತು. ಬ್ರಿಟನ್ನಿನಲ್ಲಿ ಕುಟುಂಬ ಭತ್ಯೆಯ ಕಾಯಿದೆ ಬಂದುದು 1945ರಲ್ಲಿ.

ನಮ್ಮ ಸೊಲ್ಲಾಪುರದ ಗಿರಣಿ ಕಾರ್ಮಿಕರ ಕುಟುಂಬ ವೆಚ್ಚದ ಬಗ್ಗೆಯೂ ಮುಂಬಯಿ ಸರಕಾರದ ಕಾರ್ಮಿಕ ಕಚೇರಿ 1928ರಲ್ಲಿ ವರದಿ ಪ್ರಕಟಿಸಿತು. ಹಳೆಯ ಗಿರಣಿಗಳು ಬಹುಮಟ್ಟಿಗೆ ಮುಚ್ಚಿವೆ. ಅಲ್ಲಿ ದುಡಿದವರ ಮೊಮ್ಮಕ್ಕಳು ನಮ್ಮ ಶಾಲೆಗಳಲ್ಲಿದ್ದಾರೆ. ಅಟ್ಟದ ಮೇಲೆ ಉಳಿದ ಪಗಾರದ ಚೀಟಿ, ಕಿರಾಣಿ ಅಂಗಡಿಯ ಉದ್ರಿ ಪುಸ್ತಕ, ಅಜ್ಜಿಯ ನೆನಪು, ಇವನ್ನು ಮನೆಯವರ ಒಪ್ಪಿಗೆಯಿಂದ, ಹೆಸರು ಹೊರಗೆಡಹದೆ ಬರೆದಿಡುವುದು ಗಡಿನಾಡಿನ ಅಧ್ಯಾಪಕರಿಂದ ಆಗಬಹುದಾದ ಕೆಲಸ. ತಡವಾದರೆ ರದ್ದಿಯವನ ತಕ್ಕಡಿ ಕಾದಿರುವುದಿಲ್ಲ.