ದ್ವೀಪದ ಮಾತು, ರಂಗದ ಮಾತು: ಅರಾನ್‌ನಿಂದ ಘೋಡಗೇರಿಗೆ, ಮಾಡಗ್ಯಾಳದಿಂದ ನೋಡಿದಾಗ

(ಆನ್‌ಲೈನ್ ವಿಚಾರಸಂಕಿರಣದಲ್ಲಿ ಮಂಡಿಸಿದ ಪ್ರಬಂಧದ ಬರಹರೂಪ)

ನಾನು ನಮ್ಮೂರು ಮಾಡಗ್ಯಾಳದಿಂದಲೇ ಮಾತಾಡ್ತಾ ಇದ್ದೇನೆ. ನಡುವೆ ನೆಟ್‌ವರ್ಕ್ ಹೋದರೆ ಕ್ಷಮೆ ಇರಲಿ.

ಮಾಡಗ್ಯಾಳ ಸಾಂಗ್ಲಿ ಜಿಲ್ಲೆಯ ಜತ್ತ ತಾಲೂಕಿನಲ್ಲಿದೆ. ಹೊರಗಿನವರಿಗೆ ಈ ಹೆಸರು ಗೊತ್ತಿದ್ದರೆ ಅದು ಕುರಿಯಿಂದ. ಬಾಗಿದ ಮೂಗು, ಬಿಳಿ ಮೈಮೇಲೆ ಕಂದು ಮಚ್ಚೆ, ಎತ್ತರದ ಆಳು. ಅದಕ್ಕೆ ಮಾಡಗ್ಯಾಳ ತಳಿ ಅಂತಲೇ ಹೆಸರು. ಮಳೆಯೇ ಸರಿಯಾಗಿ ಆಗದ ಈ ನಾಡಿನವರಿಗೆ ಐರ್ಲೆಂಡಿನ ದ್ವೀಪದ ಜೊತೆ ಏನು ಸಂಬಂಧ ಅಂತ ವಿಷಯ ಕೊಟ್ಟಾಗ ನನಗೂ ಅನಿಸಿತ್ತು. ಓದುತ್ತಾ ಹೋದಂತೆ ಒಂದು ಮಾತು ಸ್ಪಷ್ಟವಾಯಿತು. ದ್ವೀಪದಿಂದ ರಂಗಕ್ಕೆ ಬಂದದ್ದರಲ್ಲಿ ಕತೆಗಿಂತ ದೊಡ್ಡದು ಆ ಕತೆ ಹೇಳುವ ಮಾತು. ಪೇಟೆಯವರು ಕೆಟ್ಟ ಭಾಷೆ ಅಂದುಕೊಂಡಿದ್ದ ಮಾತು ನಾಟಕದ ಭಾಷೆಯಾದದ್ದೇ ಐರಿಶ್ ರಂಗಭೂಮಿಯ ಇತಿಹಾಸದ ಮುಖ್ಯ ಘಟನೆ. ಕನ್ನಡದಲ್ಲೂ ಹಾಗೇ ಆಯಿತು. ಇದನ್ನೇ ನಾಲ್ಕು ಹಂತದಲ್ಲಿ ಹೇಳುತ್ತೇನೆ.

1. ಅರಾನ್: ಮೊಳೆ ಮರೆತ ಮುದುಕಿ

ಐರ್ಲೆಂಡಿನ ಪಶ್ಚಿಮಕ್ಕೆ, ಗಾಲ್ವೆ ಕೊಲ್ಲಿಯ ಬಾಯಲ್ಲಿ ಮೂರು ಅರಾನ್ ದ್ವೀಪಗಳಿವೆ. ಬರೀ ಸುಣ್ಣದ ಕಲ್ಲು. ಅಲ್ಲಿನ ಜನ ಮರಳು ಮತ್ತು ಕಡಲ ಪಾಚಿ ಹೊತ್ತು ತಂದು ಬಂಡೆಯ ಮೇಲೆ ಹರಡಿ ಹೊಲ ಮಾಡಿಕೊಂಡವರು. ಜಾನ್ ಮಿಲಿಂಗ್ಟನ್ ಸಿಂಜ್ (1871-1909) ಡಬ್ಲಿನ್ ಕಡೆಯ ಪ್ರೊಟೆಸ್ಟೆಂಟ್ ಮನೆತನದವನು. 1896ರಲ್ಲಿ ಪ್ಯಾರಿಸ್‌ನಲ್ಲಿ ಅವನಿಗೆ ಕವಿ ಯೇಟ್ಸ್ ಸಿಕ್ಕು, ಅರಾನ್‌ಗೆ ಹೋಗು ಅಂತ ಹೇಳಿದ. 1898ರಿಂದ 1902ರವರೆಗೆ ಸಿಂಜ್ ಐದು ಸಲ ಅಲ್ಲಿ ಹೋಗಿ ಇದ್ದ. ಕಾಲೇಜಿನಲ್ಲಿ ಓದಿದ್ದ ಐರಿಶ್ ಭಾಷೆಯನ್ನು ಅಲ್ಲಿನವರ ಬಾಯಿಂದ ಮತ್ತೆ ಕಲಿತ. ಹೆಚ್ಚು ಕಾಲ ಇದ್ದದ್ದು ನಡುವಿನ ದ್ವೀಪ ಇನಿಶ್‌ಮಾನ್‌ನಲ್ಲಿ.

ಅಲ್ಲಿ ಕೇಳಿದ ಸುದ್ದಿಗಳಿಂದಲೇ ಅವನ ನಾಟಕಗಳು ಹುಟ್ಟಿದವು. ದೂರದ ಡೊನೆಗಾಲ್ ದಂಡೆಗೆ ಒಂದು ಹೆಣ ಬಂದು ಬಿದ್ದಿತ್ತು. ಬಟ್ಟೆಬರೆಯಿಂದ ಅದರ ಗುರುತು ಹಿಡಿಯಬೇಕಾಯಿತು. ಇದು 1904ರ 'ರೈಡರ್ಸ್ ಟು ದ ಸೀ' ಏಕಾಂಕದ ಬೀಜ. ನಾಟಕದ ಮುದುಕಿ ಮೌರ್ಯ ಗಂಡನನ್ನು, ಮಾವನನ್ನು, ಆರು ಗಂಡುಮಕ್ಕಳನ್ನು ಕಡಲಿಗೆ ಕೊಟ್ಟವಳು. ತಂಗಿ ನೋರಾ ತಾನೇ ಹೆಣೆದ ಕಾಲುಚೀಲದ ಹೊಲಿಗೆ ಎಣಿಸಿ, ಸತ್ತವನು ತಮ್ಮಣ್ಣನೇ ಅಂತ ತಿಳಿಯುತ್ತಾಳೆ. ಕೊನೆಯ ಮಗನ ಶವಪೆಟ್ಟಿಗೆಗೆ ಹಲಗೆ ಸಿದ್ಧ ಇರುತ್ತವೆ, ಆದರೆ ಮೊಳೆ ತರಿಸುವುದನ್ನು ಮುದುಕಿ ಮರೆತಿರುತ್ತಾಳೆ. ಅಷ್ಟು ಸಾವು ಕಂಡ ಮನೆಯಲ್ಲಿ ಮೊಳೆ ಮರೆತು ಹೋದದ್ದು! ಈ ಒಂದು ವಿವರ ಹತ್ತು ಪುಟದ ದುಃಖಕ್ಕೆ ಸಮ ಅಂತ ನನಗೆ ಅನ್ನಿಸುತ್ತದೆ.

ಆ ದ್ವೀಪದಲ್ಲಿ ಮಣ್ಣು ಮಾಡುವಾಗ ಹೆಂಗಸರು ರಾಗವಾಗಿ ಅಳುವುದನ್ನು ಸಿಂಜ್ ತನ್ನ 'ದ ಅರಾನ್ ಐಲ್ಯಾಂಡ್ಸ್' (1907) ಪುಸ್ತಕದಲ್ಲಿ ಬರೆದಿದ್ದಾನೆ. ಅದನ್ನು ಓದುವಾಗ ನನಗೆ ನಮ್ಮ ಕಡೆಯ ಸತ್ತ ಮನೆ ನೆನಪಾಯಿತು. ಇಲ್ಲೂ ಹೆಂಗಸರು ಹಾಡಿಕೊಂಡೇ ಅಳುತ್ತಾರೆ. ಸತ್ತವರ ಗುಣ, ಉಟ್ಟ ಬಟ್ಟೆ, ಉಳಿಸಿಹೋದ ಕೆಲಸ ಎಲ್ಲ ಆ ಹಾಡಿನಲ್ಲಿ ಬರುತ್ತವೆ.

ಈಗ ಮಾತಿನ ವಿಷಯಕ್ಕೆ ಬರೋಣ. ಸಿಂಜ್ ಬರೆದದ್ದು ಐರಿಶ್‌ನಲ್ಲಲ್ಲ, ಇಂಗ್ಲಿಷಿನಲ್ಲಿ. ಆದರೆ ಅದು ಐರಿಶ್ ಒಳಗಿಂದ ಬಗ್ಗಿಸಿದ ಇಂಗ್ಲಿಷು. ಉದಾಹರಣೆಗೆ, 'ಈಗಷ್ಟೇ ಉಂಡೆ' ಅನ್ನೋದನ್ನು ಐರ್ಲೆಂಡಿನ ಹಳ್ಳಿಯವರು 'ಉಂಡ ಮೇಲೆ ಇದ್ದೇನೆ' ಅನ್ನುವ ಕಟ್ಟಿನಲ್ಲಿ ಹೇಳುತ್ತಾರೆ. ಶಾಲೆಯ ಮಾಸ್ತರು ತಪ್ಪು ಅಂತ ತಿದ್ದುವ ವಾಕ್ಯ ಇದು. ಸಿಂಜ್ ಇದನ್ನೇ ರಂಗದ ಮೇಲೆ ನಿಲ್ಲಿಸಿದ.

ಇದರ ಇನ್ನೊಂದು ಮುಖವನ್ನೂ ಹೇಳಬೇಕು. 1907ರ ಜನವರಿ 26ರಂದು ಅಬ್ಬೆ ಥಿಯೇಟರಿನಲ್ಲಿ 'ದ ಪ್ಲೇಬಾಯ್ ಆಫ್ ದ ವೆಸ್ಟರ್ನ್ ವರ್ಲ್ಡ್' ಆಡಿದಾಗ ಗಲಾಟೆಯಾಯಿತು. ಅಪ್ಪನನ್ನು ಕೊಂದು ಬಂದೆ ಅನ್ನುವ ಹುಡುಗನನ್ನು ಹಳ್ಳಿಯವರು ವೀರನಂತೆ ಕಾಣುವ ನಾಟಕ ಅದು. ಅದರ ಮೂಲವೂ ಅರಾನ್‌ನಲ್ಲಿ ಕೇಳಿದ ಸುದ್ದಿಯೇ. ನಮ್ಮ ಹಳ್ಳಿ ಜನರನ್ನು ಹೀಗೆ ತೋರಿಸ್ತಾರಾ ಅಂತ ಡಬ್ಲಿನ್‌ನ ರಾಷ್ಟ್ರೀಯವಾದಿಗಳು ಸಿಟ್ಟಾದರು. ಗಮನಿಸಿ: ಕೂಗಾಡಿದವರು ಪಟ್ಟಣದವರು. ದ್ವೀಪದವರು ಆ ಸಭಾಂಗಣದಲ್ಲಿ ಇರಲೇ ಇಲ್ಲ. ಜನಪದದಿಂದ ನಾಟಕ ಮಾಡುವ ಎಲ್ಲರ ಮುಂದೆಯೂ ಈ ಖಾಲಿ ಕುರ್ಚಿಗಳ ಪ್ರಶ್ನೆ ಇದೆ.

2. ಐರ್ಲೆಂಡಿನಿಂದ ಕನ್ನಡಕ್ಕೆ ಬಂದ ದಾರಿ

ಐರಿಶ್ ಚಳವಳಿಯ ಗಾಳಿ ಕನ್ನಡಕ್ಕೆ ನೇರವಾಗಿಯೇ ಬೀಸಿದೆ. ಬೆಲ್‌ಫಾಸ್ಟಿನ ಜೇಮ್ಸ್ ಕಸಿನ್ಸ್ 1902ರಲ್ಲಿ 'ದ ರೇಸಿಂಗ್ ಲಗ್' ಎಂಬ ಏಕಾಂಕ ಬರೆದ. ಅದೂ ಮೀನುಗಾರರ ಮನೆಯ, ಕಡಲ ಸಾವಿನ ನಾಟಕ. ರಂಗಕ್ಕೆ ಬಂದದ್ದು ಸಿಂಜ್‌ನ ಏಕಾಂಕಕ್ಕಿಂತ ಮೊದಲು. ಈ ಕಸಿನ್ಸ್ 1915ರಲ್ಲಿ ಭಾರತಕ್ಕೆ ಬಂದರು. 1924ರಲ್ಲಿ ಮೈಸೂರಿಗೆ ಬಂದಾಗ, 'ಬಿಗಿನರ್ಸ್ ಮ್ಯೂಸ್' ಅಂತ ಇಂಗ್ಲಿಷ್ ಕವಿತೆಗಳನ್ನು ಪ್ರಕಟಿಸಿದ್ದ ಒಬ್ಬ ತರುಣ ಅವರನ್ನು ಕಂಡ. ನಿಮ್ಮ ತಾಯಿನುಡಿಯಲ್ಲಿ ಬರೆಯಿರಿ ಅಂತ ಕಸಿನ್ಸ್ ಬುದ್ಧಿ ಹೇಳಿದರು. ಆ ತರುಣ ಕುವೆಂಪು. ಈ ಪ್ರಸಂಗ ನಮಗೆಲ್ಲ ಗೊತ್ತು. ಆದರೆ ಹೇಳಿದವನು ಕಡಲಂಚಿನ ಮೀನುಗಾರರ ಬದುಕಿನಿಂದ ನಾಟಕ ಕಟ್ಟಿದ್ದವನು ಅನ್ನೋದನ್ನು ನಾವು ಜೋಡಿಸಿ ನೋಡುವುದಿಲ್ಲ.

ಇನ್ನೊಂದು ದಾರಿ ಧಾರವಾಡದ್ದು. ಎ.ಇ. ಎಂಬ ಹೆಸರಿನಲ್ಲಿ ಬರೆಯುತ್ತಿದ್ದ ಜಾರ್ಜ್ ರಸೆಲ್‌ನನ್ನು ಬೇಂದ್ರೆಯವರು ಗುರುಸ್ಥಾನದಲ್ಲಿಟ್ಟು ನೆನೆದವರು. ಐರಿಶ್ ಪುರಾಣಕತೆಯ ಮೇಲೆ 'ಡೀರ್ಡ್ರೆ' ನಾಟಕ ಬರೆದವನು ಇದೇ ಎ.ಇ. ಧಾರವಾಡದ ಆಡುಮಾತಿಗೆ ಕಾವ್ಯದಲ್ಲಿ ಗೌರವದ ಜಾಗ ಕೊಟ್ಟವರು ಇದೇ ಬೇಂದ್ರೆ.

ಅದೇ ಕಾಲಕ್ಕೆ ಭೀಮಾ ನದಿಯ ಸೀಮೆಯಲ್ಲಿ, ನಮಗೆ ನೆರೆಯಾದ ವಿಜಯಪುರ ಜಿಲ್ಲೆಯ ಹಲಸಂಗಿಯಲ್ಲಿ, ಮಧುರಚೆನ್ನ, ಸಿಂಪಿ ಲಿಂಗಣ್ಣ, ಪಿ. ಧೂಲಾಸಾಹೇಬ, ಕಾಪಸೆ ರೇವಪ್ಪ ಸೇರಿ ಬೀಸುವ ಕಲ್ಲಿನ ಮುಂದೆ ಕೂತ ಹೆಣ್ಣುಮಕ್ಕಳ ಪದ ಬರೆದುಕೊಂಡರು. 1931ರಲ್ಲಿ 'ಗರತಿಯ ಹಾಡು', 1933ರಲ್ಲಿ 'ಜೀವನ ಸಂಗೀತ', 1935ರಲ್ಲಿ 'ಮಲ್ಲಿಗೆ ದಂಡೆ' ಬಂದವು. ಸಿಂಜ್ ಹೊರಗಿನಿಂದ ಹೋದವನು; ಹಲಸಂಗಿ ಗೆಳೆಯರು ತಮ್ಮ ಅವ್ವ, ಅಕ್ಕಂದಿರ ಹಾಡನ್ನೇ ಬರೆದುಕೊಂಡವರು. ಐರ್ಲೆಂಡಿನಲ್ಲಿ ಇದಕ್ಕೆ ಸಮ ಅಂದರೆ ಕೆರಿ ದಂಡೆಯ ಬ್ಲ್ಯಾಸ್ಕೆಟ್ ದ್ವೀಪ. ಅಲ್ಲಿನ ಮೀನುಗಾರ ತೊಮಾಸ್ ಓ ಕ್ರಿಹಿನ್ ತನ್ನ ಬದುಕನ್ನು ತಾನೇ ಐರಿಶ್‌ನಲ್ಲಿ ಬರೆದ. 1929ರಲ್ಲಿ ಅದು ಪುಸ್ತಕವಾಯಿತು. 1953ರಲ್ಲಿ ಆ ದ್ವೀಪದಿಂದ ಉಳಿದ ಜನರನ್ನೂ ದಡಕ್ಕೆ ಸ್ಥಳಾಂತರಿಸಿದರು. ಊರು ಖಾಲಿಯಾಯಿತು, ಮಾತು ಮಾತ್ರ ಪುಸ್ತಕದಲ್ಲಿ ಉಳಿಯಿತು.

3. ಘೋಡಗೇರಿ: ಜೋಕುಮಾರ ರಂಗಕ್ಕೆ ಬಂದದ್ದು

ಸಂಗ್ರಹದಿಂದ ರಂಗಕ್ಕೆ ಹೋಗುವ ಹೆಜ್ಜೆಯನ್ನು ಎಲ್ಲರಿಗಿಂತ ಗಟ್ಟಿಯಾಗಿ ಇಟ್ಟವರು ಚಂದ್ರಶೇಖರ ಕಂಬಾರರು. 1937ರಲ್ಲಿ ಬೆಳಗಾವಿ ಜಿಲ್ಲೆಯ ಘೋಡಗೇರಿಯಲ್ಲಿ ಹುಟ್ಟಿದವರು. ಅವರ ಕಥನಕಾವ್ಯದ ಹೆಸರೇ 'ಹೇಳತೇನ ಕೇಳ'. ಅದನ್ನು 'ಹೇಳುತ್ತೇನೆ ಕೇಳು' ಅಂತ ತಿದ್ದಿ ನೋಡಿ, ಕಾವ್ಯವೇ ಎದ್ದು ಹೋಗುತ್ತದೆ.

1972ರ 'ಜೋಕುಮಾರಸ್ವಾಮಿ' ನಾಟಕದ ಹಿಂದೆ ಭಾದ್ರಪದದ ಆಚರಣೆ ಇದೆ. ಗಣಪತಿ ಹೋದ ಮೇಲೆ ಹೆಂಗಸರು ಬುಟ್ಟಿಯಲ್ಲಿ ಬೇವಿನ ಸೊಪ್ಪಿನ ನಡುವೆ ಮಣ್ಣಿನ ಜೋಕುಮಾರನನ್ನಿಟ್ಟು, ಬಾಯಿಗೆ ಬೆಣ್ಣೆ ಹಚ್ಚಿ, ಮನೆಮನೆಗೆ ಹಾಡುತ್ತಾ ಬರುತ್ತಾರೆ. ಅವನಿಗೆ ಏಳು ದಿನದ ಆಯುಷ್ಯ. ಹುಣ್ಣಿಮೆಗೆ ಅವನ ಕತೆ ಮುಗಿಯುತ್ತದೆ. ನಾಟಕದಲ್ಲಿ ಮಕ್ಕಳಿಲ್ಲದ ಗೌಡ್ತಿ ಜೋಕುಮಾರನೆಂದು ಪೂಜಿಸಿದ ಪಡವಲಕಾಯಿಯ ಪಲ್ಯ ಮಾಡುತ್ತಾಳೆ. ಅದನ್ನು ಉಣ್ಣಬೇಕಾದವನು ಬಂದೂಕು ಹಿಡಿದು ತಿರುಗುವ ಷಂಡ ಗೌಡ. ಉಣ್ಣುವವನು ಹೊಲಕ್ಕಾಗಿ ಗೌಡನಿಗೆ ಎದುರು ನಿಂತ ಬಸಣ್ಣ. ಕೊನೆಗೆ ಬಸಣ್ಣನ ಕೊಲೆಯಾಗುತ್ತದೆ. ಫಲ ಯಾರದು, ಹೊಲ ಯಾರದು ಎರಡೂ ಒಂದೇ ಪ್ರಶ್ನೆಯಾಗುತ್ತವೆ. ಗೇಣಿದಾರರಿಗೆ ಭೂಮಿಯ ಹಕ್ಕು ಕೊಟ್ಟ ಕರ್ನಾಟಕದ ತಿದ್ದುಪಡಿ ಕಾನೂನು ಜಾರಿಗೆ ಬಂದದ್ದು 1974ರಲ್ಲಿ, ನಾಟಕದ ಎರಡು ವರ್ಷದ ಮೇಲೆ. ಹಳೆಯ ಆಚರಣೆ ಇಲ್ಲಿ ಅಲಂಕಾರವಾಗಿ ಬಂದಿಲ್ಲ, ಅಂದಿನ ಜಗಳವನ್ನೇ ಹೊತ್ತು ಬಂದಿದೆ.

ಮತ್ತೆ ಮಾತು. ಬಿ.ವಿ. ಕಾರಂತರ ನಿರ್ದೇಶನದಲ್ಲಿ ಈ ನಾಟಕ ಬೆಳಗಾವಿ ಕಡೆಯ ಕನ್ನಡವನ್ನೇ ರಂಗದ ಮೇಲೆ ಆಡಿತು. ಅದುವರೆಗೆ ನಾಟಕದಲ್ಲಿ ಆಳು, ಮುದುಕಿ, ಹಾಸ್ಯಗಾರರಿಗೆ ಮೀಸಲಿದ್ದ ಮಾತು ಈಗ ಕಾಮವನ್ನೂ ಸಾವನ್ನೂ ನ್ಯಾಯವನ್ನೂ ಹೇಳಿತು. ಸಿಂಜ್ ಮಾಡಿದ್ದೂ ಇದನ್ನೇ. ವ್ಯತ್ಯಾಸ ಒಂದಿದೆ. ಸಿಂಜ್‌ಗೆ ಅಲ್ಲಿಗೆ ಹೋಗಿ ಕಲಿಯಬೇಕಾದ ಮಾತಿದು. ಕಂಬಾರರಿಗೆ ಅವ್ವನ ಮಾತು.

4. ಮಾಡಗ್ಯಾಳ: ಎರಡು ಕಡೆಯಿಂದಲೂ ತಪ್ಪು

ಈಗ ನಮ್ಮೂರಿಗೆ ಬರುತ್ತೇನೆ. ಜತ್ತ ಡಫಳೆ ಮನೆತನದ ಸಂಸ್ಥಾನವಾಗಿತ್ತು, 1948ರಲ್ಲಿ ಮುಂಬಯಿ ಪ್ರಾಂತಕ್ಕೆ ಸೇರಿತು. ರಾಜ್ಯಗಳ ಗಡಿ ಆದ ಮೇಲೆ ನಾವು ಮಹಾರಾಷ್ಟ್ರದವರು. ಜಿಲ್ಲಾ ಪರಿಷತ್ತಿನ ಕನ್ನಡ ಶಾಲೆಗಳಿವೆ, ಕಚೇರಿ ಮರಾಠಿ. ಗುಡ್ಡಾಪುರದ ದಾನಮ್ಮನ ಜಾತ್ರೆಗೆ ಕರ್ನಾಟಕದಿಂದ ಭಕ್ತರು ನಡೆದು ಬರುತ್ತಾರೆ. ಸುತ್ತ ನೀರಿಲ್ಲದಿದ್ದರೂ ಭಾಷೆಯ ಲೆಕ್ಕದಲ್ಲಿ ನಮ್ಮದೂ ಒಂದು ದ್ವೀಪವೇ.

ನಮ್ಮ ಕನ್ನಡದಲ್ಲಿ ಮರಾಠಿ ಕಲೆತಿದೆ. 'ಗಪ್ಪ ಕುಂದ್ರು', 'ಲಗೂನ ಬಾ', 'ಪಾವಣ್ಯಾರ ಬಂದಾರ' ಅನ್ನುತ್ತೇವೆ. ನಾನು ಪದವಿಗೆ ಹೋದಾಗ ತರಗತಿಯಲ್ಲಿ ಮೊದಲ ಸಲ ಎದ್ದು ಉತ್ತರ ಹೇಳಿದೆ. ಇಡೀ ತರಗತಿ ನಕ್ಕಿತು. ಇದು ಕನ್ನಡವೋ ಮರಾಠಿಯೋ ಅಂತ ಒಬ್ಬರು ಕೇಳಿದರು. ಆಮೇಲೆ ಒಂದು ವರ್ಷ ನಾನು ತರಗತಿಯಲ್ಲಿ ಬಾಯಿ ತೆರೆಯಲಿಲ್ಲ. ಊರಿನ ಕಚೇರಿಯಲ್ಲಿ ನಮ್ಮ ಮರಾಠಿಗೂ ಜನ ಹೀಗೇ ನಗುತ್ತಾರೆ. ಸಿಂಜ್‌ನ ಬಗ್ಗಿದ ಇಂಗ್ಲಿಷಿನ ಬಗ್ಗೆ ಓದಿದಾಗ ಆ ದಿನ ನೆನಪಾಯಿತು. ಎರಡು ಭಾಷೆ ಉಜ್ಜುವ ಕಡೆ ಹುಟ್ಟುವ ಮಾತಿನಿಂದಲೇ ಅವನ ನಾಟಕ ಆಗಿದ್ದರೆ, ನಮ್ಮ ಆಯಿಯ ಮಾತಿಗೆ ಏನು ಕೊರತೆ?

ಆಯಿ ನನಗೆ ಜೋಕುಮಾರನ ಕತೆ ಹೇಳಿದ್ದಳು. ಅನೇಕ ಕಡೆ ಇರುವ ಕತೆಯೇ ಅದು. ಗಣಪ್ಪ ಕಡುಬು ತಿಂದು ಹೋಗಿ ಶಿವನ ಮುಂದೆ ಎಲ್ಲಾ ಚೆನ್ನಾಗೈತಿ ಅಂತಾನೆ. ಜೋಕುಮಾರ ಹೋಗಿ ಒಣಗಿದ ಹೊಲದ ಸುದ್ದಿ, ಜನರ ಗೋಳು ಹೇಳ್ತಾನೆ; ಆವಾಗ ಮಳೆ ಬರ್ತೈತಿ. ಬರದ ನಾಡಿನಲ್ಲಿ ಕೂತು ಕೇಳಿದವರಿಗೆ ಇದು ಬರೀ ಕತೆಯಾಗಿ ಕೇಳಿಸುವುದಿಲ್ಲ. ಹಾಗೇ ಬೀರಪ್ಪನ ಗುಡಿ ಮುಂದೆ ರಾತ್ರಿಯಿಡೀ ನಡೆಯುವ ಡೊಳ್ಳಿನ ಪದಗಳು. ಕುರಿ ಕಾಯುವವರ ಅಲೆದಾಟ, ತೋಳ, ಬರಗಾಲ, ದಾಯಾದಿ ಜಗಳ ಎಲ್ಲವೂ ಸವಾಲು–ಜವಾಬಿನಲ್ಲಿ ಬರುತ್ತವೆ. ಅಲ್ಲಿ ನಾಟಕ ಈಗಾಗಲೇ ಇದೆ. ಕಿವಿ ಕೊಡುವವರು ಬೇಕು.

ಎಚ್ಚರಿಕೆಯೂ ಬೇಕು. 1934ರಲ್ಲಿ ರಾಬರ್ಟ್ ಫ್ಲಾಹರ್ಟಿ 'ಮ್ಯಾನ್ ಆಫ್ ಅರಾನ್' ಚಿತ್ರ ತೆಗೆದಾಗ, ದ್ವೀಪದವರು ಎಷ್ಟೋ ದಶಕಗಳ ಹಿಂದೆ ಬಿಟ್ಟಿದ್ದ ಶಾರ್ಕ್ ಬೇಟೆಯನ್ನು ಕ್ಯಾಮೆರಾಕ್ಕಾಗಿ ಮತ್ತೆ ಕಲಿಸಿ ಆಡಿಸಿದ. ನಮ್ಮಲ್ಲೂ ಮೆರವಣಿಗೆಗೆ ಡೊಳ್ಳು ಕರೆಸುತ್ತಾರೆ, ಪದ ಕೇಳುವುದಿಲ್ಲ. ಸದ್ದು ಬೇಕು, ಮಾತು ಬೇಡ.

ಸಂವಾದದಿಂದ

ಮಂಡನೆಯ ನಂತರ ಅಧ್ಯಾಪಕರೊಬ್ಬರು ಕೇಳಿದರು: 'ಕತೆಗಿಂತ ಮಾತು ದೊಡ್ಡದು ಅಂದಿರಿ. ಹಾಗಾದರೆ ನಾಗಮಂಡಲ? ಅದರಲ್ಲಿ ಪ್ರಾದೇಶಿಕ ಮಾತಿನ ಒತ್ತು ಇಲ್ಲ, ಕತೆಯೇ ಇದೆ.'

ನ್ಯಾಯವಾದ ಪ್ರಶ್ನೆ. ಗಿರೀಶ ಕಾರ್ನಾಡರ 'ನಾಗಮಂಡಲ' (1988) ಎ.ಕೆ. ರಾಮಾನುಜನ್ ಅವರಿಂದ ಕೇಳಿದ ಎರಡು ಜನಪದ ಕತೆಗಳಿಂದ ಬಂದದ್ದು. ಅಲ್ಲಿ ನನ್ನ ವಾದ ಪೂರ್ತಿ ನಿಲ್ಲುವುದಿಲ್ಲ ಅಂತ ಒಪ್ಪಿದೆ. ಆದರೆ ಅದರ ಒಂದು ಮೂಲಕತೆಯನ್ನೇ ನೆನಪಿಸಿದೆ. ಒಬ್ಬಾಕೆಗೆ ಒಂದು ಕತೆ, ಒಂದು ಹಾಡು ಗೊತ್ತಿರುತ್ತವೆ, ಯಾರಿಗೂ ಹೇಳುವುದಿಲ್ಲ. ಒಳಗೆ ಉಸಿರುಕಟ್ಟಿದ ಅವು ಹೊರಗೆ ಬಂದು ಅವಳ ಸಂಸಾರಕ್ಕೇ ಸೇಡು ತೀರಿಸಿಕೊಳ್ಳುತ್ತವೆ. ತರಗತಿಯಲ್ಲಿ ಒಂದು ವರ್ಷ ಬಾಯಿ ಮುಚ್ಚಿದ್ದವಳಿಗೆ ಈ ಕತೆಯ ಅರ್ಥ ಯಾರೂ ಬಿಡಿಸಿ ಹೇಳಬೇಕಿಲ್ಲ.

ಈ ಭಾದ್ರಪದದಲ್ಲಿ ಆಯಿಯ ಜೋಕುಮಾರನ ಹಾಡುಗಳನ್ನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿ, ಅವಳು ಹೇಳಿದ ಹಾಗೇ, ಒಂದಕ್ಷರ ತಿದ್ದದೆ ಬರೆದುಕೊಳ್ಳಬೇಕು ಅಂತ ಇದೆ. ಅದರಿಂದ ನಾಟಕ ಆಗುತ್ತದೋ ಇಲ್ಲವೋ, ಆದರೆ ಮೊದಲ ಸಲ ಊರಲ್ಲೇ ಆಡಬೇಕು, ಆಯಿ ಮುಂದಿನ ಸಾಲಿನಲ್ಲಿ ಕೂತಿರಬೇಕು.