ಉಸ್ಮಾನಿಯಾದ ಹೊಸ್ತಿಲಲ್ಲಿ ನಮ್ಮ ಹುಡುಗರು

ಕಾಲೇಜು ಸೇರುವ ದಿನಗಳು ಬಂದವೆಂದರೆ ಮೆಹದಿಪಟ್ಟಣಂ ಬಸ್ ನಿಲ್ದಾಣದಲ್ಲಿ ಒಂದು ನೋಟ ನಮ್ಮ ಕಣ್ಣಿಗೆ ಬೀಳುತ್ತದೆ. ಹಾಸಿಗೆ ಸುತ್ತಿಕೊಂಡ ತಂದೆ, ಸರ್ಟಿಫಿಕೇಟುಗಳ ಚೀಲವನ್ನು ಎದೆಗವಚಿಕೊಂಡ ಮಗ. ಯಾರನ್ನು ಏನು ಕೇಳಬೇಕೆಂಬುದು ಇಬ್ಬರಿಗೂ ತಿಳಿಯದು. ಇದು ಇಂದು ನಿನ್ನೆಯ ಕಥೆಯಲ್ಲ.

ಬೀದರ, ಗುಲ್ಬರ್ಗ, ರಾಯಚೂರು ಜಿಲ್ಲೆಗಳು 1956ರವರೆಗೆ ಹೈದರಾಬಾದಿಗೆ ಸೇರಿದ್ದವು. ಅಲ್ಲಿಯ ಹುಡುಗನಿಗೆ ದೊಡ್ಡ ಓದೆಂದರೆ ಈ ಊರೇ. 1887ರ ನಿಜಾಂ ಕಾಲೇಜು ಮದರಾಸು ವಿಶ್ವವಿದ್ಯಾಲಯದ ಅಧೀನದಲ್ಲಿತ್ತು. ಅಲ್ಲಿ ಪಾಠ ಇಂಗ್ಲಿಷಿನಲ್ಲಿ. 1918ರಲ್ಲಿ ಸ್ಥಾಪನೆಯಾದ ಉಸ್ಮಾನಿಯಾದಲ್ಲಿ ಉರ್ದು. ದೇಶಭಾಷೆಯೊಂದರಲ್ಲಿ ವಿಜ್ಞಾನವನ್ನೂ ಕಲಿಸಬಹುದೆಂದು ಅದು ತೋರಿಸಿಕೊಟ್ಟಿತು. ಗ್ರಂಥಗಳನ್ನು ಅನುವಾದಿಸಲು ಪ್ರತ್ಯೇಕ ಇಲಾಖೆಯೇ ಇತ್ತು. ಬಿ.ಎಸ್ಸಿ. ಓದಿದ ನಾವು ಇದನ್ನು ಮನಸಾರೆ ಮೆಚ್ಚುತ್ತೇವೆ. ಆದರೆ ಮನೆಯಲ್ಲಿ ಕನ್ನಡ, ತರಗತಿಯಲ್ಲಿ ಉರ್ದು, ಅದರ ಮೇಲೆ ಕಡ್ಡಾಯದ ಇಂಗ್ಲಿಷು! ಓದಿದವರೇ ಇಲ್ಲದ ಮನೆಯಿಂದ ಬಂದವನಿಗೆ ಆ ಹೊಸ್ತಿಲು ಎಷ್ಟು ಎತ್ತರವಾಗಿ ಕಂಡಿರಬೇಕು!

1938ರಲ್ಲಿ ವಸತಿನಿಲಯಗಳಲ್ಲಿ ‘ವಂದೇ ಮಾತರಂ’ ಹಾಡಿದ್ದಕ್ಕಾಗಿ ಅನೇಕ ವಿದ್ಯಾರ್ಥಿಗಳನ್ನು ಹೊರಹಾಕಲಾಯಿತು. ಅವರಿಗೆ ನಾಗಪುರ ವಿಶ್ವವಿದ್ಯಾಲಯ ಬಾಗಿಲು ತೆರೆಯಿತು. ರೈಲು ಚಾರ್ಜಿಗೆ, ಊಟದ ಖರ್ಚಿಗೆ ಅನುಕೂಲವಿದ್ದವರು ಹೋದರು. ಇಲ್ಲದವರ ಗತಿಯನ್ನು ನಾವೇ ಊಹಿಸಿಕೊಳ್ಳಬಹುದು. 1948ರ ಪೊಲೀಸ್ ಕಾರ್ಯಾಚರಣೆಯ ತರುವಾಯ ಉರ್ದುವಿನ ಸ್ಥಾನಕ್ಕೆ ಇಂಗ್ಲಿಷು ಬಂತು. ಭಾಷೆ ಬದಲಾಯಿತು, ಹೊಸ್ತಿಲು ತಗ್ಗಲಿಲ್ಲ.

ಆಮೇಲೆ 1980ರಲ್ಲಿ ಗುಲ್ಬರ್ಗ ವಿಶ್ವವಿದ್ಯಾಲಯ, 2009ರಲ್ಲಿ ಕೇಂದ್ರೀಯ ವಿಶ್ವವಿದ್ಯಾಲಯ ನಮ್ಮ ಸೀಮೆಗೇ ಬಂದವು. 2012ರ ಸಂವಿಧಾನ ತಿದ್ದುಪಡಿಯಿಂದ 371ಜೆ ವಿಧಿ ಸೇರಿ, ವಿದ್ಯೆಯಲ್ಲೂ ಉದ್ಯೋಗದಲ್ಲೂ ಮೀಸಲಾತಿಗೆ ದಾರಿಯಾಯಿತು. ಸಂತೋಷವೇ. ಆದರೆ ಸೀಟು ಸಿಕ್ಕಮಾತ್ರಕ್ಕೆ ಓದು ಮುಗಿದಂತಲ್ಲ.

ನಮ್ಮೊಡನೆ ಓದಲು ಬಂದ ಗೆಳೆಯನೊಬ್ಬ ದಸರೆಗೆ ಊರಿಗೆ ಹೋದವನು ತಿರುಗಿ ಬರಲಿಲ್ಲ. ಲೆಕ್ಕದಲ್ಲಿ ನಮಗಿಂತ ಚುರುಕು. ಮೆಸ್ಸಿನ ಬಾಕಿ ಬೆಳೆದಿತ್ತು. ವಿದ್ಯಾರ್ಥಿವೇತನದ ಅರ್ಜಿಯನ್ನು ಯಾವ ಕಿಟಕಿಯಲ್ಲಿ ಕೊಡಬೇಕೆಂದು ಕೇಳಲು ಅವನಿಗೆ ಸಂಕೋಚ. ಆ ಕಿಟಕಿ ನಮಗೆ ಗೊತ್ತಿತ್ತು. ಅವನು ಕೇಳಲಿಲ್ಲ, ನಾವಾಗಿ ಹೇಳಲಿಲ್ಲ. ಇಷ್ಟು ವರ್ಷ ಸರಕಾರಿ ಕಿಟಕಿಯ ಒಳಗಡೆ ಕುಳಿತಿರುವ ನಮಗೆ ಆ ಮುಖ ಇನ್ನೂ ಮರೆತಿಲ್ಲ.

ಆದುದರಿಂದ ಸಂಘದ ಬಂಧುಗಳಲ್ಲಿ ನಮ್ಮದೊಂದು ಬಿನ್ನಹ. ನಿಲ್ದಾಣದಲ್ಲಿ ಅಂಥ ತಂದೆಮಕ್ಕಳು ಕಂಡರೆ “ಯಾವೂರು ಯಜಮಾನರೆ, ಏನು ಬೇಕಾಗಿತ್ತು?” ಎಂದು ಕನ್ನಡದಲ್ಲಿ ನಾವೇ ಮೊದಲು ಕೇಳೋಣ.